ಗುಡ್ರುನಳ ಕತ್ತರಿ, ಪ್ರೆಬೆನ್ನನ ಬೇಲಿ

ಊರಂಚಿನ ತೋಟದ ಜಾಗಗಳನ್ನು ಬಾಡಿಗೆಗೆ ಕೊಡುವ ಸಂಘದಿಂದ ಎರಡನೆಯ ಕಾಗದ ಬಂದ ದಿನ ಪ್ರೆಬೆನ್ ಅದನ್ನು ಬೆಣ್ಣೆ ಡಬ್ಬಿಗೆ ಒರಗಿಸಿ ನಿಲ್ಲಿಸಿದ. ಈ ಮನೆಯಲ್ಲಿ ಯಾರಿಗಾದರೂ ಏನನ್ನಾದರೂ ಓದಿಸಬೇಕಾದರೆ ಬೆಣ್ಣೆಯ ಪಕ್ಕ ಇಡಬೇಕು, ಬೇರೆಲ್ಲಿಟ್ಟರೂ ಯಾರ ಕಣ್ಣಿಗೂ ಬೀಳುವುದಿಲ್ಲ ಎಂದು ನಲವತ್ತೊಂಬತ್ತು ವರ್ಷದ ಸಂಸಾರದಲ್ಲಿ ಅವನು ಕಲಿತಿದ್ದ.

ಗುಡ್ರುನ್ ಕಾಗದವನ್ನು ಪಕ್ಕಕ್ಕೆ ಸರಿಸಿ ಬೆಣ್ಣೆ ತೆಗೆದುಕೊಂಡಳು.

“ಓದು,” ಅಂದ ಪ್ರೆಬೆನ್.

“ಆಮೇಲೆ ಓದ್ತೀನಿ.”

“ಆಮೇಲೆ ಅನ್ನೋದು ಯಾವ ಸ್ಟೇಷನ್ನು? ಮೂವತ್ತೆಂಟು ವರ್ಷ ರೈಲು ಓಡಿಸಿದೀನಿ, ಆ ಹೆಸರಿನ ಸ್ಟೇಷನ್ನೇ ನಾನು ನೋಡಿಲ್ಲ.”

ಮೊಮ್ಮಗಳು ಸಿಗ್ನೆ ಕಿಸಕ್ಕನೆ ನಕ್ಕು ಕಾಗದ ಎತ್ತಿಕೊಂಡಳು. ಹದಿನಾಲ್ಕು ವರ್ಷದ ಹುಡುಗಿ, ಯಾರ ಕಾಗದವಾದರೂ ಗಟ್ಟಿಯಾಗಿ ಓದುವುದೆಂದರೆ ಅವಳಿಗೆ ಇಷ್ಟ. “‘ತೋಟ ನಂಬರ್ ನಲವತ್ತೊಂದರ ಸದಸ್ಯರಿಗೆ ಎರಡನೆಯ ಸೂಚನೆ. ದಾರಿಯ ಕಡೆಯ ಹಸಿರು ಬೇಲಿ ನಿಯಮದ ಪ್ರಕಾರ ಒಂದು ಮೀಟರ್ ಎಂಬತ್ತು ಸೆಂಟಿಮೀಟರ್ ದಾಟಬಾರದು. ನಿಮ್ಮದು ಎರಡು ಮೀಟರ್ ಹದಿನೈದು ಇದೆ. ಜೂನ್ ಹದಿನೈದು, ಶನಿವಾರ, ಹನ್ನೊಂದು ಗಂಟೆಗೆ ಅಧ್ಯಕ್ಷರು ಅಳತೆಗೆ ಬರುತ್ತಾರೆ. ಆಗಲೂ ಹೀಗೇ ಇದ್ದರೆ ಜಾಗವನ್ನು ವಾಪಸು ಪಡೆಯಲಾಗುವುದು.’ ಅಯ್ಯೋ ಅಜ್ಜ, ಕಿತ್ಕೊಂಡೇ ಬಿಡ್ತಾರಾ?”

“ಕಿತ್ಕೊಳ್ಳದೆ ಏನು? ಮುನ್ನೂರು ಜನ ಸಾಲಲ್ಲಿ ಕಾಯ್ತಾ ಇದಾರೆ. ಕ್ನೂದ್‌ಗೆ ಅಷ್ಟೇ ಬೇಕು.” ಕ್ನೂದ್ ಎಂದರೆ ಸಂಘದ ಅಧ್ಯಕ್ಷ. ಅಳತೆಕೋಲನ್ನು ಎದೆಗವಚಿಕೊಂಡೇ ಮಲಗುವ ಆಸಾಮಿ ಎಂದು ಪ್ರೆಬೆನ್ನನ ನಂಬಿಕೆ.

“ಜೂನ್ ಹದಿನೈದಕ್ಕೆ ಇನ್ನೂ ಆರು ವಾರ ಇದೆ,” ಅಂದಳು ಗುಡ್ರುನ್. “ನಾನು ಕತ್ತರಿಸ್ತೀನಿ ಅಂದ್ನಲ್ಲ, ಮಾರಾಯ.”

ಅಂದದ್ದೇನೋ ನಿಜ. ಫೆಬ್ರವರಿಯಲ್ಲಿ ಪ್ರೆಬೆನ್ನನ ಎಡಸೊಂಟದ ಕೀಲು ಬದಲಾಯಿಸಿದಾಗ ಆಸ್ಪತ್ರೆಯ ಮಂಚದ ಪಕ್ಕದಲ್ಲಿ ಕೂತು ಅಂದಿದ್ದಳು. ಏಣಿ ಹತ್ತುವ ಹಾಗಿಲ್ಲ, ಬಗ್ಗುವ ಹಾಗಿಲ್ಲ, ಎಲ್ಲ ಶರತ್ಕಾಲದ ಮೇಲೆ ಎಂದು ಡಾಕ್ಟರು ಹೇಳಿ ಹೋದ ಮೇಲೆ ಗುಡ್ರುನ್ ಅವನ ಕೈ ಹಿಡಿದು, “ಬೇಲಿ ನನಗೆ ಬಿಡು. ಐವತ್ತು ವರ್ಷ ಫಿಲ್ಮ್ ಕತ್ತರಿಸ್ಕೊಂಡೇ ಬಂದೋಳಿಗೆ ಒಂದು ಬೇಲಿ ಹೆಚ್ಚಾ? ಈ ಬೇಸಿಗೆ ಮೇನಿಂದ ಸೆಪ್ಟೆಂಬರ್‌ವರೆಗೂ ಇಬ್ಬರೂ ತೋಟದಲ್ಲೇ ಇರೋಣ,” ಅಂದಿದ್ದಳು. ಪ್ರೆಬೆನ್ ಆ ಮಾತನ್ನು ನಂಬಿದ. ಈ ವಯಸ್ಸಿನಲ್ಲೂ ನಂಬಿದ್ದಕ್ಕೆ ಆಮೇಲೆ ತನ್ನ ಮೇಲೇ ಅವನಿಗೆ ಸಿಟ್ಟು ಬಂತು.

ಏಕೆಂದರೆ ಮಾರ್ಚಿನಲ್ಲಿ ಹಾಲ್ದಾನನ ಫೋನ್ ಬಂತು.

ಹಾಲ್ದಾನ್ ಎಂಬತ್ತೊಂದು ವರ್ಷದ ಸಿನಿಮಾ ನಿರ್ದೇಶಕ. ಅವನ ಹದಿನಾಲ್ಕು ಚಿತ್ರಗಳಿಗೂ ಗುಡ್ರುನಳೇ ಸಂಕಲನ ಮಾಡಿದ್ದಳು. ಹದಿನೈದನೆಯದು, ಕೊನೆಯದು, ಚಿತ್ರೀಕರಣ ಮುಗಿದಿದೆ, ನಿನ್ನ ಬಿಟ್ಟು ಬೇರೆಯವರ ಕೈಗೆ ಕೊಡಲಾರೆ ಅಂದ. ಗುಡ್ರುನ್ ಅಷ್ಟರಲ್ಲಿ ಮೂರು ಸಲ ನಿವೃತ್ತಳಾಗಿದ್ದಳು. ಮೂರು ಸಲವೂ ಭಾಷಣ, ಕೇಕು, ಉಡುಗೊರೆ. ಮೊದಲನೆಯ ಸಲ ಗೋಡೆ ಗಡಿಯಾರ, ಎರಡನೆಯ ಸಲ ಗಾಜಿನ ಬೋಗುಣಿ, ಮೂರನೆಯ ಸಲ ತೋಟದಲ್ಲಿ ಹಾಕಿಕೊಂಡು ಕೂರಲು ಒಂದು ಜೋಡಿ ಒರಗುಕುರ್ಚಿ. ಒಂದರಲ್ಲಿ ಪ್ರೆಬೆನ್ ಕೂರುತ್ತಿದ್ದ. ಇನ್ನೊಂದು ತೋಟದ ಗುಡಿಸಲಿನ ಮೂಲೆಯಲ್ಲಿ ಪ್ಲಾಸ್ಟಿಕ್ ಹೊದಿಕೆ ಕೂಡ ಬಿಚ್ಚದೆ ನಿಂತಿತ್ತು.

“ನಾಲ್ಕನೇ ಸಲಕ್ಕೆ ಏನ್ ಕೊಡ್ತಾರಂತೆ?” ಎಂದು ಪ್ರೆಬೆನ್ ಕೇಳಿದ್ದ. “ಕೇಳಿ ಇಟ್ಕೊ. ಶವಪೆಟ್ಟಿಗೆ ಆದ್ರೆ ಎರಡು ಕೊಡೋಕೆ ಹೇಳು.”

ಕೋಪನ್‌ಹೇಗನ್ನಿನ ವಾಲ್ಬಿ ಬಡಾವಣೆಯಲ್ಲಿದ್ದ ಅವರ ಎರಡನೆಯ ಮಹಡಿಯ ಮನೆಯಲ್ಲಿ ದೊಡ್ಡ ಕೋಣೆಯೊಂದಿತ್ತು, ಅದರಲ್ಲಿ ಓಕ್ ಮರದ ಊಟದ ಮೇಜು, ಎಂಟು ಕುರ್ಚಿ. ಈಗ ಆ ಮೇಜಿನ ಮೇಲೆ ಎರಡು ಪರದೆ, ಕಂಪ್ಯೂಟರು, ಸ್ಪೀಕರುಗಳು, ಹಾಲ್ದಾನನ ಕನ್ನಡಕದ ಡಬ್ಬಿ, ಹಾಲ್ದಾನನ ಮಾತ್ರೆ ಡಬ್ಬಿ. ಸಂಸಾರದ ಊಟ ಅಡುಗೆಮನೆಯ ಮಡಚುವ ಮೇಜಿನಲ್ಲಿ. ಅದು ಇಬ್ಬರ ಮೇಜು. ಏಪ್ರಿಲಿನಿಂದ ನಾಲ್ವರು ಅದರ ಸುತ್ತ ಮೊಣಕಾಲಿಗೆ ಮೊಣಕಾಲು ತಾಗಿಸಿಕೊಂಡು ಉಣ್ಣುತ್ತಿದ್ದರು, ಯಾಕೆಂದರೆ ಮಗಳು ಡೋರ್ಟೆಯ ಕಟ್ಟಡದಲ್ಲಿ ಹಳೆಯ ನೀರಿನ ಪೈಪುಗಳನ್ನೆಲ್ಲ ಕಿತ್ತು ಹೊಸದು ಹಾಕುತ್ತಿದ್ದರು, ಮೂರು ತಿಂಗಳು ಅಲ್ಲಿ ಸ್ನಾನವಿಲ್ಲ, ಕಕ್ಕಸಿಲ್ಲ. ಡೋರ್ಟೆ ಮಗಳನ್ನು ಕಟ್ಟಿಕೊಂಡು ಅಪ್ಪನ ಮನೆಗೆ ಬಂದಿದ್ದಳು. ವೃದ್ಧಾಶ್ರಮವೊಂದರಲ್ಲಿ ದಾದಿಯ ಕೆಲಸ ಅವಳದು. ಇಡೀ ದಿನ ಮುದುಕರ ಹಟ ಸಹಿಸಿಕೊಂಡು ಮನೆಗೆ ಬಂದರೆ ಇಲ್ಲಿ ಇನ್ನಿಬ್ಬರು ಮುದುಕರು, ಹಗಲಾದರೆ ಮೂವರು.

ಹಾಲ್ದಾನ್ ಬೆಳಿಗ್ಗೆ ಒಂಬತ್ತಕ್ಕೆ ಬರುತ್ತಿದ್ದ. ಬಂದವನು ತನ್ನ ಕೋಟನ್ನು ಪ್ರೆಬೆನ್ನನ ಮೊಳೆಗೇ ನೇತುಹಾಕುತ್ತಿದ್ದ. ಹನ್ನೆರಡಕ್ಕೆ ಸರಿಯಾಗಿ ಅಡುಗೆಮನೆಗೆ ಬಂದು, “ಪ್ರೆಬೆನ್, ಇವತ್ತು ಮೀನು ಇದ್ಯಾ?” ಎಂದು ಕೇಳುತ್ತಿದ್ದ. ಪ್ರೆಬೆನ್ ಕರಿ ರೊಟ್ಟಿ ಕೊಯ್ದು, ವಿನೆಗರಿನಲ್ಲಿ ನೆನೆಸಿದ ಹೆರ್ರಿಂಗ್ ಮೀನು, ಈರುಳ್ಳಿ, ಮೊಟ್ಟೆ ಎಲ್ಲ ಇಡುತ್ತಿದ್ದ. ಹಾಲ್ದಾನ್ ಮೀನಿನ ನಡುವಿನ ತುಂಡುಗಳನ್ನು ಆರಿಸಿ ತಿಂದು ಬಾಲ ಉಳಿಸುತ್ತಿದ್ದ.

“ಅವನ ಹೆಂಡತಿ ಸತ್ತು ಆರು ವರ್ಷ ಆಯ್ತು, ಪಾಪ. ಮನೇಲಿ ಯಾರು ಮಾಡಿಕೊಡ್ತಾರೆ?” ಎಂದಳು ಗುಡ್ರುನ್.

“ನನಗ್ಯಾರು ಮಾಡಿಕೊಟ್ರು? ಹೆಂಡತಿ ಬದುಕಿದ್ದೂ ನಲವತ್ತೊಂಬತ್ತು ವರ್ಷದಿಂದ ನಾನೇ ಮಾಡ್ಕೊಂಡು ತಿಂತಾ ಇಲ್ವಾ?”

ಇದೂ ನಿಜವೇ. ಗುಡ್ರುನ್ ಇಪ್ಪತ್ತೆರಡನೆಯ ವಯಸ್ಸಿಗೆ ಬೀದಿಯ ಕೊನೆಯ ಸ್ಟುಡಿಯೋದಲ್ಲಿ ಸಹಾಯಕಿಯಾಗಿ ಸೇರಿದವಳು. ಬಿಳಿ ಕೈಗವಸು ಹಾಕಿ, ಫಿಲ್ಮಿನ ತುಂಡುಗಳಿಗೆ ಹಳದಿ ಮೇಣದ ಪೆನ್ಸಿಲಿನಲ್ಲಿ ಗುರುತು ಮಾಡಿ, ಬಟ್ಟೆ ಹೊದೆಸಿದ ದೊಡ್ಡ ತೊಟ್ಟಿಯ ಮೇಲೆ ಸಾಲಾಗಿ ನೇತುಹಾಕುವುದು ಅವಳ ಮೊದಲ ಕೆಲಸ. ಅಂಥದೇ ಖಾಲಿ ತೊಟ್ಟಿಯೊಂದರಲ್ಲಿ ಡೋರ್ಟೆ ಎಂಟು ತಿಂಗಳು ಮಲಗಿ ಬೆಳೆದಳು. ಆಮೇಲೆ ಸಹಾಯಕಿ ಹೋಗಿ ಸಂಕಲನಕಾರ್ತಿಯಾದಳು. ಕೋಪನ್‌ಹೇಗನ್ ಸಾಲದೆ ಸ್ಟಾಕ್‌ಹೋಮ್, ಓಸ್ಲೋ, ಎರಡು ಚಳಿಗಾಲ ಐಸ್‌ಲೆಂಡ್. ಬಹುಮಾನದ ಕಂಚಿನ ಗೊಂಬೆಗಳಲ್ಲಿ ಒಂದು ಈಗಲೂ ಬಚ್ಚಲಿನ ಕಿಟಕಿ ಮುಚ್ಚಿಕೊಳ್ಳದ ಹಾಗೆ ಅಡ್ಡ ನಿಂತಿದೆ. ಪ್ರೆಬೆನ್ ಬೆಳಗಿನ ಪಾಳಿ ಕೇಳಿ ಪಡೆದು, ಮಗಳನ್ನು ಶಾಲೆಯಿಂದ ಕರೆತಂದು, ಸಂಜೆ ಆಲೂಗಡ್ಡೆ ಹೆರೆದು ನೀರಿಗೆ ಹಾಕಿ ಇಡುತ್ತಿದ್ದ. ಒಲೆ ಹಚ್ಚುತ್ತಿರಲಿಲ್ಲ. ಆರಕ್ಕೆ ಊಟ ಎಂದು ಹೇಳಿದ ಹೆಂಗಸು ಏಳಕ್ಕೂ ಬರಬಹುದು, ಒಂಬತ್ತಕ್ಕೂ ಬರಬಹುದು, ಬೆಂದು ಒಡೆದ ಆಲೂಗಡ್ಡೆ ಯಾರಿಗೂ ಬೇಡ. ಬಾಗಿಲಲ್ಲಿ ಬೀಗದ ಕೈ ಸದ್ದಾದ ಮೇಲೆಯೇ ಪಾತ್ರೆ ಒಲೆಗೆ ಏರುತ್ತಿತ್ತು.

ಗುಡ್ರುನಳಿಗೆ ಕಸುಬಿನದೊಂದು ವ್ರತವಿತ್ತು. ಚಿತ್ರೀಕರಣದ ಜಾಗಕ್ಕೆ ಅವಳು ಒಮ್ಮೆಯೂ ಹೋದವಳಲ್ಲ, ನಟರನ್ನು ಮಾತಾಡಿಸಿದವಳಲ್ಲ. ಇವರು ಮೈನಸ್ ಇಪ್ಪತ್ತರಲ್ಲಿ ನಡುಗುತ್ತ ಈ ದೃಶ್ಯ ತೆಗೆದರು ಎಂದು ಗೊತ್ತಾದರೆ ಕತ್ತರಿಸಲು ಕೈ ಬರುವುದಿಲ್ಲ ಎಂದು ಅವಳ ವಾದ. ಪರದೆಯ ಮೇಲೆ ಕಂಡದ್ದಷ್ಟೇ ಉಂಟು, ಕಾಣದ್ದು ಇಲ್ಲ. ಕಸುಬಿನ ನೇಮವನ್ನು ಕಸುಬಿನ ಜಾಗದಲ್ಲಿ ಬಿಟ್ಟು ಬಂದಿದ್ದರೆ ಯಾರ ತಕರಾರೂ ಇರುತ್ತಿರಲಿಲ್ಲ. ಮನೆಗೂ ಹೊತ್ತು ತಂದಿದ್ದಳು. “ಪಾತ್ರೆ ತೊಳೀಬೇಕು ಅಂತಿದ್ದೆ ಅಮ್ಮ,” ಎಂದು ಚಿಕ್ಕ ಡೋರ್ಟೆ ಅಂದರೆ, “ಅಂತಿದ್ದೆ ಅನ್ನೋದು ಚಿತ್ರದಲ್ಲಿ ಕಾಣಲ್ಲ ಪುಟ್ಟಿ,” ಎನ್ನುತ್ತಿದ್ದಳು. ಈ ಮಾತು ಕೇಳಿದರೆ ಡೋರ್ಟೆಗೆ ನಲವತ್ತೇಳನೆಯ ವಯಸ್ಸಿನಲ್ಲೂ ಮೈ ಉರಿಯುತ್ತದೆ.

ಮೇ ತಿಂಗಳ ಮೂರನೆಯ ವಾರಕ್ಕೆ ಬೇಲಿ ಇನ್ನೂ ನಾಲ್ಕು ಬೆರಳು ಬೆಳೆಯಿತು. ಪ್ರೆಬೆನ್ ಕೋಲೂರಿಕೊಂಡು ಬಸ್ಸಿನಲ್ಲಿ ಹೋಗಿ ನೋಡಿ ಬಂದ.

“ಈ ಶನಿವಾರ ಹೋಗೋಣ್ವಾ?” ಎಂದು ಕೇಳಿದ.

“ಈ ಶನಿವಾರ ಆಗಲ್ಲ. ಚಿತ್ರದ ಮೂರನೇ ಭಾಗ ಕೂರ್ತಾನೇ ಇಲ್ಲ.”

“ಕೂರದೆ ಇರೋದು ನೀನು. ತೋಟದಲ್ಲಿ.”

ಸೋಮವಾರ ಪಾತ್ರೆ ಒರೆಸುತ್ತ ಡೋರ್ಟೆ ಮೆಲ್ಲಗೆ ಅಂದಳು: “ಅಪ್ಪ, ನಾನೇ ಹೋಗಿ ಕತ್ತರಿಸಿ ಬರ್ತೀನಿ. ಒಂದು ಗಂಟೆ ಕೆಲಸ. ಪಕ್ಕದವರ ಹತ್ರ ಕರೆಂಟಿನ ಕತ್ತರಿ ಇದೆ.”

“ನೀನು ಮುಟ್ಟಕೂಡದು.”

“ಯಾಕೆ?”

“ನಿಮ್ಮಮ್ಮ ಕತ್ತರಿಸ್ತೀನಿ ಅಂದಿದಾಳೆ. ಅವಳೇ ಕತ್ತರಿಸ್ಲಿ.”

“ಅವಳು ಕತ್ತರಿಸದೇ ಇದ್ರೆ?”

“ಹೋಗ್ಲಿ ಜಾಗ.”

ಡೋರ್ಟೆ ಬಟ್ಟೆಯನ್ನು ಮೇಜಿನ ಮೇಲೆ ಎಸೆದಳು. “ಹೋಗ್ಲಿ ಅಂತೆ! ಇಪ್ಪತ್ತಾರು ವರ್ಷ ಗೊಬ್ಬರ ಹೊತ್ತು ಮಾಡಿದ ಜಾಗ. ಅಲ್ಲಿ ಕೂತ್ರೆ ಮಾತ್ರ ನಿನಗೆ ನಿದ್ದೆ ಬರೋದು. ಮೂಗಿನ ಮೇಲಿನ ಸಿಟ್ಟಿಗೆ ಮೂಗೇ ಕೊಯ್ಕೊಂಡ್ರೆ ಮತ್ತೆ ಬರುತ್ತಾ ಅಪ್ಪ? ವೃದ್ಧಾಶ್ರಮದಲ್ಲಿ ನಾನು ಇಂಥವರನ್ನ ಸಂಬಳ ತಗೊಂಡು ನೋಡ್ಕೊಳ್ತೀನಿ, ಇಲ್ಲಿ ಬಿಟ್ಟಿ!”

“ನೋಡ್ಕೋ ಅಂತ ಕರೆದವರು ಯಾರು? ನಿನ್ನ ಪೈಪ್ ಯಾವಾಗ ಸರಿ ಆಗುತ್ತೆ?”

ಡೋರ್ಟೆ ಬಾಗಿಲು ಬಡಿದುಕೊಂಡು ಹೋದಳು. ಪ್ರೆಬೆನ್ ಆ ಬಟ್ಟೆಯನ್ನು ಎತ್ತಿ ಉಳಿದ ಪಾತ್ರೆ ಒರೆಸಿದ. ಮಗಳಿಗೆ ಹೇಳಲಾರದ್ದು ಅವನಿಗೆ ಗೊತ್ತಿತ್ತು. ಬೇಲಿಯನ್ನು ಯಾರು ಬೇಕಾದರೂ ಕತ್ತರಿಸಬಹುದು. ಯಾರೋ ಕತ್ತರಿಸಿ ಜಾಗ ಉಳಿಸಿಕೊಟ್ಟರೆ ಅವನು ಇನ್ನೊಂದು ಬೇಸಿಗೆ ಅಲ್ಲಿ ಒಂದೇ ಕುರ್ಚಿ ಹಾಕಿಕೊಂಡು ಕೂರಬೇಕು. ಅದು ಅವನಿಗೆ ಸಾಕಾಗಿತ್ತು.

ಮೇ ಕೊನೆಯ ಗುರುವಾರ ಗುಡ್ರುನ್ ಅಡುಗೆಮನೆಗೆ ಬಂದು, “ಪ್ರೆಬೆನ್, ಒಂದು ಅರ್ಧ ಗಂಟೆ ಬಂದು ಕೂತ್ಕೋ,” ಅಂದಳು.

ಇದೂ ಹಳೆಯ ಪದ್ಧತಿ. ಮದುವೆಗೆ ಮೊದಲು ಅವಳು ಅವನನ್ನು ಸಂಕಲನದ ಕೋಣೆಗೆ ಕರೆದು ಕತ್ತಲಲ್ಲಿ ಕೂರಿಸಿಕೊಳ್ಳುತ್ತಿದ್ದಾಗ ಪ್ರೆಬೆನ್ ಅದನ್ನು ಪ್ರೀತಿಯೆಂದೇ ತಿಳಿದಿದ್ದ. ಹನ್ನೊಂದು ವರ್ಷ ಕಳೆದ ಮೇಲೆ ಗೊತ್ತಾಯಿತು: ಅವಳು ಪರದೆಯನ್ನೂ ನೋಡುತ್ತಿರಲಿಲ್ಲ, ಅವನ ಮುಖವನ್ನೂ ನೋಡುತ್ತಿರಲಿಲ್ಲ. ಓರೆಯಾಗಿ ಹಿಂದೆ ಕೂತು ಅವನ ಎಡಗಾಲನ್ನು ನೋಡುತ್ತಿದ್ದಳು. ಪ್ರೆಬೆನ್ನನ ಎಡಪಾದ ಅಲ್ಲಾಡಿದರೆ ಆ ದೃಶ್ಯ ಉದ್ದವಾಯಿತು ಎಂದು ಲೆಕ್ಕ. ರೈಲು ಓಡಿಸುವವನ ಕಾಲು, ಸುಳ್ಳು ಹೇಳುವುದಿಲ್ಲ ಎಂದು ಅವಳಿಗೆ ಭಾರಿ ಭರವಸೆ. ನಾಲ್ಕು ದೇಶದ ಎಷ್ಟು ಘನ ನಿರ್ದೇಶಕರ ಎಷ್ಟು ಸೂರ್ಯಾಸ್ತಗಳು ಆ ಕಾಲಿಗೆ ಬಲಿಯಾದವೋ, ಪಾಪ, ಅವರಿಗೆ ಇವತ್ತಿಗೂ ತಿಳಿಯದು.

ಪ್ರೆಬೆನ್ ಹೋಗಿ ಕೂತ. ಹಾಲ್ದಾನ್ ಕಿಟಕಿಯ ಹತ್ತಿರ ಉಗುರು ಕಚ್ಚುತ್ತ ನಿಂತಿದ್ದ. ಪರದೆಯ ಮೇಲೆ ಕಡಲ ದಂಡೆಯ ಒಂದು ಮನೆ, ಒಬ್ಬ ಮುದುಕಿ, ಒಂದು ಬೋಗುಣಿ. ಮುದುಕಿ ಆಲೂಗಡ್ಡೆ ಹೆರೆಯುತ್ತಾಳೆ. ನಾಲ್ಕು ನಿಮಿಷ ಅಷ್ಟೇ ಮಾಡುತ್ತಾಳೆ. ಮಾತಿಲ್ಲ, ಸಂಗೀತವಿಲ್ಲ. ಎರಡು ಹೆರೆದು, ಮತ್ತೆರಡು ಕೈಗೆ ತೆಗೆದುಕೊಂಡು, ತಡೆದು, ಕಿಟಕಿಯ ಕಡೆ ನೋಡಿ, ಒಂದನ್ನು ಚೀಲಕ್ಕೆ ವಾಪಸು ಹಾಕುತ್ತಾಳೆ. ಸ್ವಲ್ಪ ಹೊತ್ತಾದ ಮೇಲೆ ಅದನ್ನೇ ಮತ್ತೆ ತೆಗೆಯುತ್ತಾಳೆ.

ಮುಗಿದ ಮೇಲೆ ಯಾರೂ ಅವನನ್ನು ಏನೂ ಕೇಳಲಿಲ್ಲ. ಕೇಳುವುದು ಪದ್ಧತಿಯಲ್ಲ. ಪ್ರೆಬೆನ್ ಅಡುಗೆಮನೆಗೆ ಬಂದು ಮೂಗು ಒರೆಸಿಕೊಂಡು ಈರುಳ್ಳಿ ಹೆಚ್ಚಿದ.

ಮುಂದಿನ ಬುಧವಾರ ಆ ಕೋಣೆಯಿಂದ ಹಾಲ್ದಾನನ ಕೂಗು ಕೇಳಿಸಿತು. “ಅದು ಈ ಚಿತ್ರದ ಉಸಿರು ಕಣೇ! ಉಸಿರನ್ನೇ ತೆಗೆದುಹಾಕ್ತೀಯಲ್ಲ!”

“ಅಷ್ಟು ಉದ್ದ ಯಾರೂ ತಡ್ಕೊಳ್ಳಲ್ಲ, ಹಾಲ್ದಾನ್. ನಲವತ್ತು ಸೆಕೆಂಡ್ ಸಾಕು.”

“ನೀನು ಕಟುಕಿ!”

“ಐವತ್ತು ವರ್ಷದಿಂದ ಇದೇ ಬೈಗಳ. ಹೊಸದು ಹುಡುಕು.”

ಹಾಲ್ದಾನ್ ಊಟಕ್ಕೂ ನಿಲ್ಲದೆ ಹೊರಟುಹೋದ. ಮೀನಿನ ನಡುತುಂಡು ಅಂದು ಪ್ರೆಬೆನ್ನನ ಪಾಲಿಗೆ ಬಂತು. ಆದರೆ ಅವನಿಗೆ ಅದು ಸೇರಲಿಲ್ಲ.

ಸಂಜೆ ನಾಲ್ವರೂ ಮಡಚುವ ಮೇಜಿನ ಸುತ್ತ ಕೂತಿದ್ದರು. ಹಂದಿಮಾಂಸದ ಉಂಡೆ, ಕೆಂಪು ಕೋಸು, ಆಲೂಗಡ್ಡೆ.

“ಯಾವುದು ಕತ್ತರಿಸಿದ್ದು?” ಎಂದು ಪ್ರೆಬೆನ್ ಕೇಳಿದ.

“ಆಲೂಗಡ್ಡೆ ಹೆಂಗಸನ್ನ.”

ಪ್ರೆಬೆನ್ ಮುಳ್ಳುಚಮಚ ಕೆಳಗಿಟ್ಟ. “ಅದನ್ನಾ? ಅಷ್ಟು ಚೆನ್ನಾಗಿತ್ತಲ್ಲೇ ಅದು! ಆ ಒಂದನ್ನ ಚೀಲಕ್ಕೆ ಹಾಕಿ ಮತ್ತೆ ತೆಗೀತಾಳಲ್ಲ… ಅದನ್ನ್ಯಾಕೆ ಮುಟ್ಟಿದೆ?”

“ನಿನ್ನ ಕಾಲು ಅಲ್ಲಾಡ್ತು. ಮೊದಲನೇ ನಿಮಿಷದಿಂದ್ಲೇ ಅಲ್ಲಾಡ್ತಾ ಇತ್ತು. ನಾನು ಹಾಗೆ ನೋಡೇ ಇರ್ಲಿಲ್ಲ.”

“ನನ್ನ ಕಾಲಾ?” ಪ್ರೆಬೆನ್ನನ ಮುಖ ಕೆಂಪಾಯಿತು. “ಅದು ನೋವು ಕಣೇ! ಸೊಂಟದ ನೋವು! ಗಟ್ಟಿ ಕುರ್ಚಿ ಮೇಲೆ ಕೂತ್ರೆ ಸಾಕು, ಕಾಲು ತಾನಾಗೇ ಅಲ್ಲಾಡುತ್ತೆ.”

“ಹೇಳೋದಲ್ವಾ?”

“ಹೇಳೋದಾ? ಹೇಳಿದ್ದೆಲ್ಲ ಲೆಕ್ಕಕ್ಕಿಲ್ಲ, ಕಂಡದ್ದಷ್ಟೇ ಅಂತ ಐವತ್ತು ವರ್ಷದಿಂದ ತಲೆ ತಿಂದೋಳು ನೀನು. ಕಂಡಿತಲ್ಲ? ನಾಲ್ಕು ತಿಂಗಳಿಂದ ಈ ಕಾಲು ಅಲ್ಲಾಡ್ತಾ ಇದೆ. ಈ ಮೇಜಿನ ಕೆಳಗೂ ಅಲ್ಲಾಡ್ತಾ ಇದೆ, ಈಗ್ಲೂ. ಬಗ್ಗಿ ನೋಡು.”

ಗುಡ್ರುನ್ ಬಗ್ಗಲಿಲ್ಲ. ಮಗಳ ಮುಖ ನೋಡಿದಳು.

“ನನಗೆ ಗೊತ್ತಮ್ಮ,” ಅಂದಳು ಡೋರ್ಟೆ. “ವ್ಯಾಯಾಮ ಬರೆದುಕೊಟ್ಟಿದ್ದೇ ನಾನು.”

“ನನಗೂ ಗೊತ್ತು,” ಅಂದಳು ಸಿಗ್ನೆ. “ನನ್ನ ಮೊಣಕಾಲಿಗೆ ಬಡೀತಾನೇ ಇರುತ್ತೆ.”

“ಹಾಲ್ದಾನ್‌ಗೂ ಗೊತ್ತು!” ಪ್ರೆಬೆನ್ ಕೂಗಿದ. “ಆ ಮೀನುಬಾಕ, ಹೋದ ತಿಂಗಳು ಅವನ ಮನೆಯಿಂದ ನನಗೆ ಒಂದು ದಿಂಬು ತಂದುಕೊಟ್ಟ, ಕುರ್ಚಿ ಮೇಲೆ ಹಾಕ್ಕೋ ಅಂತ. ನಿನಗೆ ಕಂಡಿದ್ದು ಕಾಲು ಒಂದೇ. ಕಾಲಿನ ಮೇಲೆ ಒಬ್ಬ ಗಂಡಸು ಇದಾನೆ ಕಣೇ, ಅವನು ಚಿತ್ರದಲ್ಲಿ ಇಲ್ವಾ?”

ಗುಡ್ರುನ್ ಪ್ರೆಬೆನ್ನನ ಕುರ್ಚಿಯ ಮೇಲಿದ್ದ ಆ ನೀಲಿ ದಿಂಬನ್ನು ಮೊದಲ ಸಲ ನೋಡಿದಳು. ಮೂರು ವಾರದಿಂದ ಅದು ಅಲ್ಲೇ ಇತ್ತು. ಆಮೇಲೆ ತಟ್ಟೆ ಎತ್ತಿಕೊಂಡು ತೊಟ್ಟಿಗೆ ಇಟ್ಟು, “ಆಲೂಗಡ್ಡೆ ಹೆಂಗಸನ್ನ ವಾಪಸ್ ಹಾಕ್ಬೇಕು,” ಎಂದಷ್ಟೇ ಹೇಳಿ ಕೋಣೆಗೆ ಹೋದಳು. ಹೋಗುವಾಗ ಅವಳ ಬೆನ್ನು ಬಾಗಿದ್ದದ್ದು ಪ್ರೆಬೆನ್ನನಿಗೆ ಕಂಡಿತು. ಸ್ವಲ್ಪ ಹೆಚ್ಚಾಯಿತೇನೋ ಅನಿಸಿತು, ಮರುಗಳಿಗೆಯೇ ಹೆಚ್ಚೇನೂ ಆಗಲಿಲ್ಲ ಅನಿಸಿತು.

ಆದರೆ ಕೊಡಲಿ ಬಿದ್ದದ್ದು ಅವನ ಕಾಲಿನ ಮೇಲೆಯೇ. ನಾಲ್ಕು ನಿಮಿಷದ ದೃಶ್ಯವನ್ನು ತಿರುಗಿ ಕೂರಿಸಬೇಕೆಂದರೆ ಅದರ ಹಿಂದಿನ ಇಪ್ಪತ್ತು ನಿಮಿಷ, ಮುಂದಿನ ಇಪ್ಪತ್ತು ನಿಮಿಷ ಎಲ್ಲವೂ ಅಲುಗಾಡುತ್ತವೆ. ಹಾಲ್ದಾನ್ ಮರುದಿನವೇ ಹಲ್ಲು ಕಿಸಿದುಕೊಂಡು ಬಂದ, ಕೈಯಲ್ಲಿ ಒಂದು ಡಬ್ಬಿ ಹೆರ್ರಿಂಗ್. ಇಬ್ಬರೂ ಬಾಗಿಲು ಹಾಕಿಕೊಂಡರು. ಜೂನ್ ಎಂಟರ ಶನಿವಾರ ಹೋಯಿತು. ಹನ್ನೆರಡು, ಹದಿಮೂರು, ಹದಿನಾಲ್ಕೂ ಹೋದವು.

“ನಾಳೆ ಅಳತೆ,” ಎಂದ ಪ್ರೆಬೆನ್ ಶುಕ್ರವಾರ ಸಂಜೆ, ಮುಚ್ಚಿದ ಬಾಗಿಲಿಗೆ.

“ಗೊತ್ತು,” ಎಂದಿತು ಬಾಗಿಲು.

ಶನಿವಾರ ಬೆಳಿಗ್ಗೆ ಎಂಟರ ಬಸ್ಸಿಗೆ ಅವನೊಬ್ಬನೇ ಹೋದ. ಬೇಲಿ ಈಗ ಎರಡು ಮೀಟರ್ ಮೂವತ್ತರ ಹತ್ತಿರ ಬೆಳೆದು, ಹೂ ಬಿಡಲು ಸಿದ್ಧವಾಗಿ, ಸೊಂಪಾಗಿ ನಿಂತಿತ್ತು. ಪ್ರೆಬೆನ್ ಫ್ಲಾಸ್ಕಿನಿಂದ ಕಾಫಿ ಬಗ್ಗಿಸಿಕೊಂಡು ತನ್ನ ಕುರ್ಚಿಯಲ್ಲಿ ಕೂತ. ಒಂಬತ್ತೂವರೆಗೆ ಡೋರ್ಟೆ, ಸಿಗ್ನೆ ಸೈಕಲ್ಲಿನಲ್ಲಿ ಬಂದರು. ಪಕ್ಕದ ತೋಟದವರಿಂದ ಕರೆಂಟಿನ ಕತ್ತರಿಯನ್ನೂ ಏಣಿಯನ್ನೂ ತಂದು ನಿಲ್ಲಿಸಿದರು.

“ಅಪ್ಪ, ಇದು ಕೊನೇ ಸಲ ಕೇಳ್ತಿರೋದು.”

“ಬೇಡ.”

“ಅಜ್ಜ, ಪ್ಲೀಸ್. ನಾನು ನೆಟ್ಟ ಆಲೂಗಡ್ಡೆ ಇದೆ ಇಲ್ಲಿ.”

“ಅದನ್ನ ಅಗೆದು ಮನೆಗೆ ತಗೊಂಡು ಹೋಗು. ಬೇಲಿ ಮುಟ್ಟಬೇಡ.”

ಡೋರ್ಟೆ ಹುಲ್ಲಿನ ಮೇಲೆ ಕುಸಿದು ಕೂತು ಎರಡೂ ಕೈಯಲ್ಲಿ ತಲೆ ಹಿಡಿದುಕೊಂಡಳು. ಹತ್ತು ಗಂಟೆ ಹನ್ನೆರಡು ನಿಮಿಷಕ್ಕೆ ಗೇಟಿನ ಚಿಲಕ ಸದ್ದಾಯಿತು. ಗುಡ್ರುನ್ ಒಳಗೆ ಬಂದಳು, ಕೆಲಸದ ಚೀಲ ಹೆಗಲಿಗೆ, ಕಣ್ಣು ಕೆಂಪಗೆ.

“ಏಳು,” ಅಂದಳು ಪ್ರೆಬೆನ್ನನಿಗೆ.

“ಯಾಕೆ?”

“ನಾನು ಕೂರ್ಬೇಕು.”

ಅವನು ಕೋಲೂರಿ ಎದ್ದ. ಅವಳು ಅವನ ಕುರ್ಚಿಯಲ್ಲಿ ಕೂತು, ಕೈ ಮಡಿಲಲ್ಲಿಟ್ಟುಕೊಂಡು ನೋಡತೊಡಗಿದಳು. ಐದು ನಿಮಿಷವಾಯಿತು. ಹತ್ತಾಯಿತು.

“ಅಜ್ಜಿ! ಇನ್ನು ಮೂವತ್ತೆಂಟು ನಿಮಿಷ ಇರೋದು!”

“ಗೊತ್ತು ಪುಟ್ಟಿ. ನೋಡ್ತಾ ಇದೀನಿ.”

“ಏನ್ ನೋಡ್ತೀಯ?” ಪ್ರೆಬೆನ್ನನ ತಾಳ್ಮೆ ಹರಿಯಿತು. “ಬೇಲಿ ಕಣೇ ಅದು! ಮೂರನೇ ಭಾಗ ಅಲ್ಲ!”

“ನೀನು ಇಲ್ಲಿ ಕೂತು ಏನ್ ನೋಡ್ತಿದ್ದೆ?”

“ಬೇಲಿ.”

“ಅದರಾಚೆ?”

“ಅದರಾಚೆ ಏನು ಕಾಣುತ್ತೆ? ದಾರಿ, ದಾರಿ ಕೊನೇಲಿ ಬಸ್ ಸ್ಟಾಪು. ಕಾಣಲ್ಲ. ಬಸ್ ನಿಂತ ಸದ್ದು ಕೇಳುತ್ತೆ. ಆಮೇಲೆ ಗೇಟಿನ ಚಿಲಕ ಸದ್ದಾಗುತ್ತಾ ಅಂತ ಕಾಯೋದು. ಆಗಲ್ಲ. ಮುಂದಿನ ಬಸ್ಸು ಹನ್ನೆರಡು ನಿಮಿಷಕ್ಕೆ.”

“ಪ್ರತಿ ಸಂಜೆ?”

“ಇನ್ನೇನು ಮಾಡ್ಲಿ? ಆಲೂಗಡ್ಡೆ ಹೆರೆದು ಇಟ್ಟಿರ್ತೀನಲ್ಲ.”

ಗುಡ್ರುನ್ ಇನ್ನೊಂದು ನಿಮಿಷ ಕೂತಳು. ಎದ್ದು ಏಣಿಯನ್ನು ಪಕ್ಕಕ್ಕೆ ತಳ್ಳಿ, ಕರೆಂಟಿನ ಕತ್ತರಿ ಎತ್ತಿಕೊಂಡು, ಕುರ್ಚಿಯ ನೇರಕ್ಕೆ ಬೇಲಿಯೊಳಗೆ ಸೊಂಟದ ಎತ್ತರದಲ್ಲಿ ಇಳಿಸಿದಳು.

“ಅಮ್ಮ! ಒಂದು ಎಂಬತ್ತು! ಒಂದು ಮೀಟರ್ ಎಂಬತ್ತು!” ಡೋರ್ಟೆ ಕಿರುಚಿದಳು.

ಗುಡ್ರುನ್ ಕಿವಿಗೊಡಲಿಲ್ಲ. ಎಳೆಯ ರೆಂಬೆಗಳು ಹಾರಿದವು, ದಪ್ಪ ಕಾಂಡಗಳಿಗೆ ಕೈಕತ್ತರಿ ಹಾಕಿದಳು. ಎಪ್ಪತ್ತೆರಡು ವರ್ಷದ ಹೆಂಗಸು, ಕೂದಲ ತುಂಬ ಎಲೆ. ಎರಡು ಮಾರು ಅಗಲ ಬೇಲಿ ಸೊಂಟದ ಮಟ್ಟಕ್ಕೆ ಇಳಿಯಿತು. ಆಮೇಲೆ ನಿಂತು, ಉಸಿರು ಬಿಡುತ್ತ, ಮಗಳಿಗೆ ಕತ್ತರಿ ಚಾಚಿದಳು. “ಉಳಿದದ್ದು ನೀನು ಅಳತೆಗೆ ತಾ. ನನ್ನ ಕೈ ಸೋತು ಹೋಯ್ತು.”

“ಈಗ ನಾನು ಮುಟ್ಟಬಹುದಾ, ಮಹಾರಾಜರೇ?” ಎಂದು ಡೋರ್ಟೆ ಅಪ್ಪನನ್ನು ಕೇಳಿದಳು.

“ಮುಟ್ಟು,” ಅಂದ ಪ್ರೆಬೆನ್. ಅವನಿಗೆ ನಿಲ್ಲಲು ಆಗುತ್ತಿರಲಿಲ್ಲ. ಕುರ್ಚಿಗೆ ಗುಡ್ರುನ್ ಮತ್ತೆ ಹೋಗಿ ಬಿದ್ದಿದ್ದಳು. ಅವನು ಗುಡಿಸಲಿಗೆ ಹೋಗಿ ಎರಡನೆಯ ಕುರ್ಚಿಯ ಪ್ಲಾಸ್ಟಿಕ್ಕನ್ನು ಚಾಕುವಿನಿಂದ ಸೀಳಿ, ಸಿಗ್ನೆಯ ಕೈಯಲ್ಲಿ ಹೊರಿಸಿಕೊಂಡು ಬಂದು ಪಕ್ಕದಲ್ಲಿ ಹಾಕಿಸಿದ.

ಕ್ನೂದ್ ಹನ್ನೊಂದಕ್ಕೆ ಬಂದ. ಅಳತೆಕೋಲು ಇಟ್ಟಲ್ಲೆಲ್ಲ ಒಂದು ಎಪ್ಪತ್ತೆಂಟು, ಎಪ್ಪತ್ತೊಂಬತ್ತು. ನಡುವಿನ ಹಳ್ಳಕ್ಕೆ ಬಂದು ಕನ್ನಡಕ ಸರಿಮಾಡಿಕೊಂಡ. “ಇದೇನಮ್ಮ ಗುಡ್ರುನ್, ತೊಂಬತ್ತೈದು! ಹಲ್ಲು ಬಿದ್ದ ಬಾಯಿ ಹಾಗಿದೆ.”

“ಅಲ್ಲಿದ್ದದ್ದು ಬೇಕಾಗಿರ್ಲಿಲ್ಲ,” ಅಂದಳು ಗುಡ್ರುನ್.

ಕ್ನೂದ್ ಜೇಬಿನಿಂದ ನಿಯಮದ ಪುಸ್ತಕ ತೆಗೆದು ಎರಡು ಸಲ ಹಿಂದೆ ಮುಂದೆ ತಿರುವಿದ. ಮೀರಬಾರದು ಎಂದಿತ್ತು, ಇಳಿಯಬಾರದು ಎಂದಿರಲಿಲ್ಲ. “ಮುಂದಿನ ಸಭೆಯಲ್ಲಿ ಇದನ್ನ ಎತ್ತಬೇಕಾಗುತ್ತೆ,” ಎಂದು ಗೊಣಗಿ, ಸರಿ ಎಂದು ಗುರುತು ಹಾಕಿ ನಲವತ್ತೆರಡಕ್ಕೆ ಹೋದ.

ಸಿಗ್ನೆ ಕುಣಿದಳು. ಡೋರ್ಟೆ ನಕ್ಕಳೋ ಅತ್ತಳೋ, ಮುಖ ಒರೆಸಿಕೊಂಡಳು. ಪ್ರೆಬೆನ್ ಇನ್ನೇನು ಕಾಫಿ ಕೊಡಬೇಕು, ಗುಡ್ರುನ್ ಎದ್ದು ಚೀಲ ಹೆಗಲಿಗೆ ಹಾಕಿಕೊಂಡಳು.

“ಎಲ್ಲಿಗೆ?”

“ಹಾಲ್ದಾನ್ ಕಾಯ್ತಿದಾನೆ. ಇನ್ನು ಒಂಬತ್ತು ನಿಮಿಷದ ಕೆಲಸ ಇದೆ.”

“ಒಂಬತ್ತು ನಿಮಿಷ!” 

“ಚಿತ್ರದ ಒಂಬತ್ತು ನಿಮಿಷ. ಆರಕ್ಕೆ ಬರ್ತೀನಿ.”

“ನಿನ್ನ ಆರು ನನಗೆ ಗೊತ್ತು.”

“ಆರಕ್ಕೆ ಬರ್ತೀನಿ ಅಂದೆ,” ಎಂದು ಅವಳು ಹೋದಳು. ಯಾರನ್ನು ನಂಬಿದರೂ ಕುರುಡ ಕೋಲು ಬಿಡಬಾರದು ಅಂದುಕೊಂಡ ಪ್ರೆಬೆನ್. ಅವನಿಗೆ ರೇಗಿಹೋಗಿತ್ತು. ಮಧ್ಯಾಹ್ನ ಮಗಳೂ ಮೊಮ್ಮಗಳೂ ಹೊರಟರು. ಹೋಗುವ ಮೊದಲು ಸಿಗ್ನೆ ವರ್ಷದ ಮೊದಲ ಆಲೂಗಡ್ಡೆ ಅಗೆದುಕೊಟ್ಟಳು, ಗೋಲಿಯಷ್ಟು ಚಿಕ್ಕವು.

ಐದೂವರೆಗೆ ಅವನು ಕುರ್ಚಿಯಲ್ಲಿ ಕೂತು ಆಲೂಗಡ್ಡೆ ಹೆರೆದ. ಇಬ್ಬರಿಗಾಗುವಷ್ಟು. ನೀರಿಗೆ ಹಾಕಿ ಗ್ಯಾಸಿನ ಒಲೆಯ ಪಕ್ಕದಲ್ಲಿಟ್ಟು ಬಂದ. ಆರು ಗಂಟೆಯ ಬಸ್ಸು ದಾರಿಯ ಕೊನೆಯಲ್ಲಿ ನಿಂತದ್ದು ಬೇಲಿಯ ತಗ್ಗಿನಲ್ಲಿ ಸ್ಪಷ್ಟವಾಗಿ ಕಂಡಿತು. ಒಬ್ಬ ಹುಡುಗಿ, ಒಂದು ನಾಯಿ ಇಳಿದವು. ಆರೂ ಹನ್ನೆರಡರದ್ದು ನಿಲ್ಲಲೇ ಇಲ್ಲ. ನಿನಗೆ ಬುದ್ಧಿ ಯಾವಾಗ ಬರುತ್ತೆ ಎಂದು ಪ್ರೆಬೆನ್ ತನ್ನನ್ನೇ ಗಟ್ಟಿಯಾಗಿ ಕೇಳಿಕೊಂಡ. ಎಡಗಾಲು ಅಲ್ಲಾಡುತ್ತಿತ್ತು.

ಆರೂ ಇಪ್ಪತ್ತನಾಲ್ಕರ ಬಸ್ಸಿನಿಂದ ಗುಡ್ರುನ್ ಇಳಿದಳು.

ಇಪ್ಪತ್ತನಾಲ್ಕು ನಿಮಿಷ ತಡ. ರೈಲಾಗಿದ್ದರೆ ವರದಿ ಬರೆಯಬೇಕಾಗುತ್ತಿತ್ತು. ಅವನು ಹೇಳಬೇಕಾದ ಮಾತನ್ನು ಬಾಯಲ್ಲಿ ಸಿದ್ಧ ಮಾಡಿಕೊಂಡ. ಅವಳು ಚೀಲವನ್ನು ಈ ಹೆಗಲಿಂದ ಆ ಹೆಗಲಿಗೆ ಬದಲಿಸಿದಳು, ಸೊಂಟಕ್ಕೆ ಕೈಯಿಟ್ಟು ಒಮ್ಮೆ ನಿಂತಳು, ಮತ್ತೆ ನಡೆದಳು. ಅವಳಿಗೂ ಬಲಗಾಲು ಸ್ವಲ್ಪ ಎಳೆಯುತ್ತಿದೆ ಎಂದು ಅವನಿಗೆ ಗೊತ್ತೇ ಇರಲಿಲ್ಲ. ಬಾಗಿಲು ತೆರೆದಾಗ ಅವಳು ಯಾವಾಗಲೂ ಬಂದಾಗಿರುತ್ತಿತ್ತು. ಇಷ್ಟು ದೂರದಿಂದ ಅವಳು ತನ್ನ ಕಡೆಗೆ ನಡೆದು ಬರುವುದನ್ನು ನಲವತ್ತೊಂಬತ್ತು ವರ್ಷದಲ್ಲಿ ಅವನು ನೋಡಿರಲಿಲ್ಲ.

ಅವಳು ಇನ್ನೂ ಅರ್ಧ ದಾರಿಯಲ್ಲಿದ್ದಳು. ಪ್ರೆಬೆನ್ ಕೋಲೂರಿ ಎದ್ದು, ಗುಡಿಸಲಿನೊಳಗೆ ಹೋಗಿ, ಚಿಲಕದ ಸದ್ದಿಗೆ ಕಾಯದೆ ಆಲೂಗಡ್ಡೆಯ ಪಾತ್ರೆಯನ್ನು ಒಲೆಯ ಮೇಲಿಟ್ಟ.